ಮೈನ್‌ಕ್ರಾಫ್ಟ್ ಸರ್ವರ್ ವರ್ಷನ್ ಬದಲಿಸುತ್ತೀರಾ? ಗುಂಡಿ ಒತ್ತುವ ಮುಂಚೆ ಇಷ್ಟು ಮಾಡಿ

ಬಾಡಿಗೆ ಸರ್ವರ್‌ನಲ್ಲಿ ಮೈನ್‌ಕ್ರಾಫ್ಟ್ ವರ್ಷನ್ ಬದಲಿಸುವುದು ಎರಡು ನಿಮಿಷದ ಕೆಲಸ. ಪ್ಯಾನೆಲ್ (ಬ್ರೌಸರ್‌ನಲ್ಲಿ ಸರ್ವರ್ ನೋಡಿಕೊಳ್ಳುವ ಪುಟ) ತೆರೆಯುತ್ತೀರಿ, ಪಟ್ಟಿಯಲ್ಲಿ ಹೊಸ ನಂಬರ್ ಆರಿಸುತ್ತೀರಿ, ರೀಸ್ಟಾರ್ಟ್ ಒತ್ತುತ್ತೀರಿ, ಮುಗೀತು. ತೊಂದರೆ ಇರುವುದು ವಾಪಸ್ ಬರುವುದರಲ್ಲಿ. ಅದೇ ಪಟ್ಟಿಯಲ್ಲಿ ಹಳೆಯ ನಂಬರ್ ಆರಿಸಿದರೆ ಹಳೆಯ ವರ್ಲ್ಡ್ ಬರುವುದಿಲ್ಲ. ವರ್ಲ್ಡ್ ಫೈಲ್‌ಗಳು ಹಾಲಿನ ಹಾಗೆ. ಹೆಪ್ಪು ಬಿತ್ತು ಅಂದರೆ ಮೊಸರೇ, ಮತ್ತೆ ಹಾಲು ಮಾಡಲು ಬರುವುದಿಲ್ಲ.

ನಾನು ಇದನ್ನು ಕಲಿತದ್ದು 1.16.5 ರಿಂದ 1.18 ಕ್ಕೆ ಹೋದಾಗ. ಆಗ ನಮ್ಮದು ಸ್ಪಿಗಾಟ್ (ಪ್ಲಗಿನ್ ಹಾಕಲು ಬರುವ ಸಾಫ್ಟ್‌ವೇರ್) ಸರ್ವರ್, ಆಡುತ್ತಿದ್ದವರು ಅಕ್ಕನ ಮಗ, ಅವನ ಗೆಳೆಯರು ಮತ್ತು ನನ್ನ ಆಫೀಸಿನ ಮೂರು ಜನ. ಭಾನುವಾರ ಸಂಜೆ ಎಲ್ಲರೂ ಕಾಯುತ್ತಾ ಕೂತಿದ್ದಾಗ ಬದಲಿಸಿದೆ. ಜಾಗ ಕಾಯುವ ಪ್ಲಗಿನ್ ಓಡಲಿಲ್ಲ, ಯಾರು ಬೇಕಾದರೂ ಯಾರ ಮನೆ ಬೇಕಾದರೂ ಒಡೆಯಬಹುದು ಅನ್ನೋ ಸ್ಥಿತಿ. ಸರಿ, ಹಳೆಯದಕ್ಕೇ ಹೋಗೋಣ ಅಂತ ಮತ್ತೆ 1.16.5 ಆರಿಸಿದೆ. ಸರ್ವರ್ ಎದ್ದಿತು. ಒಳಗೆ ಹೋಗಿ ನೋಡಿದರೆ ಅಕ್ಕನ ಮಗ ಮೂರು ತಿಂಗಳು ಕೂತು ಕಟ್ಟಿದ್ದ ಕೋಟೆ ಇಲ್ಲ, ಅದರ ಜಾಗದಲ್ಲಿ ಮೊದಲ ದಿನ ಇದ್ದ ಹುಲ್ಲುಗುಡ್ಡ ಮತ್ತೆ ನಿಂತಿದೆ. ಸೀಡ್, ಅಂದರೆ ನೆಲ ಹುಟ್ಟಿಸುವ ಸಂಖ್ಯೆ, ಅದೇ ಅಲ್ವಾ, ಅದಕ್ಕೇ ಗುಡ್ಡವೂ ಅದೇ.

ಆಗಿದ್ದು ಇಷ್ಟು. ವರ್ಲ್ಡ್ ಉಳಿಯುವುದು ಚಂಕ್‌ಗಳಲ್ಲಿ, ಅಂದರೆ 16 ಬ್ಲಾಕ್ ಉದ್ದ 16 ಬ್ಲಾಕ್ ಅಗಲದ ತುಂಡುಗಳಲ್ಲಿ. ಹೊಸ ವರ್ಷನ್ ಒಂದು ಚಂಕ್ ತೆರೆದು ಸೇವ್ ಮಾಡಿತು ಅಂದರೆ ಅದನ್ನು ತನ್ನ ರೀತಿಗೆ ಬರೆದುಬಿಡುತ್ತದೆ. 1.18 ರಲ್ಲಿ ಚಂಕ್ ಬರೆಯುವ ರೀತಿಯೇ ಬದಲಾಯಿತು. ಹಳೆಯ ಸರ್ವರ್‌ಗೆ ಅದು ಓದಲು ಬಾರದೆ, ಇಲ್ಲಿ ಏನೂ ಇಲ್ಲ ಅಂದುಕೊಂಡು ಹೊಸದಾಗಿ ನೆಲ ಹುಟ್ಟಿಸಿತು. ಬೆಳಿಗ್ಗೆ ಬ್ಯಾಕಪ್ ಹಾಕಿದರಾಯಿತು ಅಂತ ಮಲಗಿದೆ. ಹೋಸ್ಟ್ (ಸರ್ವರ್ ಬಾಡಿಗೆಗೆ ಕೊಟ್ಟ ಕಂಪನಿ) ಕೊಟ್ಟಿದ್ದು ಒಂದೇ ಒಂದು ಬ್ಯಾಕಪ್ ಜಾಗ, ಅದರ ಮೇಲೆ ಮಧ್ಯರಾತ್ರಿ ತಾನಾಗಿಯೇ ಹೊಸ ಬ್ಯಾಕಪ್ ಕೂತಿತ್ತು, ಕೆಟ್ಟ ವರ್ಲ್ಡ್‌ನದ್ದು! ಅಕ್ಕನ ಮಗ ಎರಡು ವಾರ ಮಾತು ಬಿಟ್ಟಿದ್ದ.

ಕೆಳಗಿರುವುದು ಆಮೇಲೆ ನಾನು ಪಾಲಿಸುತ್ತಾ ಬಂದಿರುವ ಕ್ರಮ. ಇದು ಜಾವಾ ಎಡಿಷನ್ ಸರ್ವರ್‌ಗೆ.

ಬದಲಿಸಲೇಬೇಕಾ?

ಮೊದಲು ಇದನ್ನು ಕೇಳಿಕೊಳ್ಳಿ. ಗೆಳೆಯನೊಬ್ಬ ಸೇರಲು ಹೋದಾಗ "ಔಟ್‌ಡೇಟೆಡ್ ಸರ್ವರ್" ಅಂತ ಬಂದರೆ ಅವನ ಗೇಮ್ ಹೊಸದು, ನಿಮ್ಮ ಸರ್ವರ್ ಹಳೆಯದು. "ಔಟ್‌ಡೇಟೆಡ್ ಕ್ಲೈಂಟ್" ಅಂತ ಬಂದರೆ ಉಲ್ಟಾ. ಇಷ್ಟಕ್ಕೇ ಸರ್ವರ್ ಬದಲಿಸಬೇಕಾಗಿಲ್ಲ. ಲಾಂಚರ್‌ನಲ್ಲಿ ಇನ್‌ಸ್ಟಾಲೇಷನ್ಸ್ ಅನ್ನುವಲ್ಲಿ ಹೋಗಿ ನಿಮ್ಮ ಸರ್ವರ್‌ನ ವರ್ಷನ್‌ದೇ ಒಂದು ಹೊಸ ಇನ್‌ಸ್ಟಾಲೇಷನ್ ಮಾಡಿಕೊಂಡರೆ ಆಯ್ತು, ದುಡ್ಡೂ ಖರ್ಚಿಲ್ಲ. ಹತ್ತು ಜನಕ್ಕೆ ಇದನ್ನು ಹೇಳಿಕೊಡುವ ತಾಳ್ಮೆ ಇಲ್ಲ ಅಂದರೆ ವಯಾವರ್ಷನ್ ಪ್ಲಗಿನ್ ಹಾಕಿ, ಹೊಸ ಗೇಮ್ ಇರುವವರು ಹಳೆಯ ಸರ್ವರ್‌ಗೆ ಬರಬಹುದು. ಹಳೆಯ ಗೇಮ್ ಇರುವವರು ಹೊಸ ಸರ್ವರ್‌ಗೆ ಬರಲು ಅದರ ಜೊತೆ ವಯಾಬ್ಯಾಕ್‌ವರ್ಡ್ಸ್ ಕೂಡ ಬೇಕು.

ಗೀಸರ್ ಹಾಕಿಕೊಂಡು ಫೋನಿನ ಬೆಡ್‌ರಾಕ್ ಎಡಿಷನ್ ಆಟಗಾರರನ್ನೂ ಸೇರಿಸಿಕೊಂಡಿದ್ದರೆ ಇನ್ನೊಂದು ಮಾತು. ಪ್ಲೇ ಸ್ಟೋರ್ ಹೇಳದೆ ಕೇಳದೆ ಅವರ ಗೇಮ್ ಅಪ್‌ಡೇಟ್ ಮಾಡಿಬಿಡುತ್ತದೆ, ನಿನ್ನೆ ಬಂದವರು ಇವತ್ತು ಬರಲಾಗುವುದಿಲ್ಲ. ಆಗ ಬದಲಿಸಬೇಕಾದ್ದು ಗೀಸರ್ ಫೈಲ್ ಒಂದನ್ನೇ. ಸರ್ವರ್ ಮುಟ್ಟಬೇಡಿ.

ಹಾಗಂತ ತೀರಾ ಹಳೆಯ ಜಾರ್ (ಸರ್ವರ್ ಓಡಿಸುವ ಫೈಲ್) ಇಟ್ಟುಕೊಂಡು ಕೂರುವುದೂ ಸರಿಯಲ್ಲ. 2021ರ ಡಿಸೆಂಬರ್‌ನಲ್ಲಿ ಲಾಗ್4ಜೆ (ಲಾಗ್ ಬರೆಯುವ ಸಾಫ್ಟ್‌ವೇರ್) ತೂತು ಬಯಲಾಯಿತು ನೋಡಿ, ಚಾಟ್‌ನಲ್ಲಿ ಒಂದು ಸಾಲು ಟೈಪ್ ಮಾಡಿ ಸರ್ವರನ್ನೇ ಕೈಗೆ ತೆಗೆದುಕೊಳ್ಳಬಹುದಿತ್ತು. ಅದನ್ನು ಮುಚ್ಚಲು ಈ ಗೇಮ್ ಮಾಡುವ ಮೊಜಾಂಗ್ 1.18.1 ಬಿಟ್ಟಿತು. ಅದಕ್ಕಿಂತ ಹಳೆಯದರಲ್ಲಿ ಇರುವವರು ತಮ್ಮ ಜಾರ್‌ಗೆ ಆ ತೇಪೆ ಬಿದ್ದಿದೆಯೇ ಅಂತ ನೋಡಿಕೊಳ್ಳಲೇಬೇಕು.

ಈಗ ಏನಿದೆ ಅಂತ ಬರೆದುಕೊಳ್ಳಿ

ನಗಬೇಡಿ, ಒಂದು ಕಾಗದ ತೆಗೆದುಕೊಳ್ಳಿ. ಸರ್ವರ್ ಏಳುವಾಗ ಕನ್ಸೋಲ್‌ನ (ಸರ್ವರ್ ಸಂದೇಶ ಬರುವ, ಕಮಾಂಡ್ ಟೈಪ್ ಮಾಡುವ ಜಾಗ) ಮೊದಲ ಸಾಲುಗಳಲ್ಲೇ ವರ್ಷನ್ ನಂಬರ್ ಬರುತ್ತದೆ. ಸರ್ವರ್ ಸಾಫ್ಟ್‌ವೇರ್‌ನ ಜಾತಿ ಯಾವುದು ಅಂತಲೂ ಬರೆಯಿರಿ: ವನಿಲಾನಾ, ಸ್ಪಿಗಾಟಾ, ಪೇಪರಾ, ಪರ್ಪರಾ, ಅಥವಾ ಮಾಡ್ ಓಡಿಸುವ ಫೋರ್ಜ್, ನಿಯೋಫೋರ್ಜ್, ಫ್ಯಾಬ್ರಿಕ್ಕಾ. ಸರ್ವರ್ ಓಡಿಸುವ ಜಾವಾ ಸಾಫ್ಟ್‌ವೇರ್ ಯಾವ ನಂಬರಿನದು, ಯಾವ ಯಾವ ಪ್ಲಗಿನ್ ಇವೆ, ಅದೂ ಬರಲಿ. ಆಮೇಲೆ ಸರ್ವರ್ ಪ್ರಾಪರ್ಟೀಸ್ ಫೈಲ್ ತೆರೆದು ಎರಡು ಸಾಲು ನೋಡಿ: ಲೆವೆಲ್ ನೇಮ್ ಮತ್ತು ಆನ್‌ಲೈನ್ ಮೋಡ್. ಈ ಎರಡು ಮುಂದೆ ಜೀವ ಉಳಿಸುತ್ತವೆ, ಹೇಗೆ ಅಂತ ಹೇಳುತ್ತೇನೆ.

ಜಾವಾ ವಿಷಯ ಇಲ್ಲೇ ಮುಗಿಸಿಬಿಡೋಣ. 1.16.5 ಮತ್ತು ಅದಕ್ಕಿಂತ ಹಳೆಯದಕ್ಕೆ ಜಾವಾ 8 ಸಾಕು. 1.17 ಕ್ಕೆ 16 ಬೇಕು. 1.18 ರಿಂದ 1.20.4 ರವರೆಗೆ 17. 1.20.5 ಬಂದಾಗ ಅದು 21 ಆಯಿತು, 1.21 ಸಾಲಿಗೂ ಅದೇ. ಜನ 1.20.4 ರಿಂದ 1.20.6 ಕ್ಕೆ ಹೋಗುವಾಗ, ನಂಬರ್ ನೋಡಿದರೆ ಸಣ್ಣ ಬದಲಾವಣೆ ಅಲ್ವಾ ಅಂದುಕೊಂಡು ಇಲ್ಲೇ ಮುಗ್ಗರಿಸುತ್ತಾರೆ. ಜಾವಾ ಹಳೆಯದಾಗಿದ್ದರೆ ಸರ್ವರ್ ಏಳುವುದೇ ಇಲ್ಲ, ಕನ್ಸೋಲ್‌ನಲ್ಲಿ ಕ್ಲಾಸ್ ಫೈಲ್ ವರ್ಷನ್ 65 ಅಂತಲೋ 61 ಅಂತಲೋ ಕೆಂಪಕ್ಷರ ಬರುತ್ತದೆ. 65 ಅಂದರೆ ಜಾವಾ 21 ಬೇಕು, 61 ಅಂದರೆ 17. ಇದಕ್ಕೆ ಹೆದರಬೇಡಿ, ವರ್ಲ್ಡ್ ಇನ್ನೂ ತೆರೆದೇ ಇರುವುದಿಲ್ಲ, ಏನೂ ಕೆಟ್ಟಿರುವುದಿಲ್ಲ.

ಪ್ಲಗಿನ್ ಪಟ್ಟಿ ಹಿಡಿದು ಒಂದೊಂದನ್ನೂ ಅದರ ಪುಟದಲ್ಲಿ ನೋಡಿ, ನಿಮಗೆ ಬೇಕಾದ ವರ್ಷನ್‌ಗೆ ಬಂದಿದೆಯಾ ಅಂತ. ಎಸೆನ್ಶಿಯಲ್ಸ್‌ಎಕ್ಸ್, ಲಕ್‌ಪರ್ಮ್ಸ್, ವರ್ಲ್ಡ್‌ಎಡಿಟ್ ತರಹದ ದೊಡ್ಡವು ಸಾಮಾನ್ಯವಾಗಿ ಬೇಗ ಬರುತ್ತವೆ. ಒಬ್ಬನೇ ಕೂತು ಬರೆದು ಎರಡು ವರ್ಷದಿಂದ ಮುಟ್ಟದೆ ಬಿಟ್ಟ ಪ್ಲಗಿನ್ ಇರುತ್ತದಲ್ಲ, ಕೈ ಕೊಡುವುದು ಅದು. ಅದಿಲ್ಲದೆ ನಡೆಯುತ್ತಾ ಅಂತ ಈಗಲೇ ತೀರ್ಮಾನ ಮಾಡಿ. ಮೊಜಾಂಗ್ ಹೊಸ ವರ್ಷನ್ ಬಿಟ್ಟ ದಿನವೇ ಹಾರಬೇಡಿ. ಪೇಪರ್‌ನ ಸ್ಥಿರವಾದ ಬಿಲ್ಡ್ ಬರಬೇಕು, ಅದರ ಹಿಂದೆ ಪ್ಲಗಿನ್‌ಗಳು ಬರಬೇಕು. ನಾನಂತೂ ಕಡಿಮೆ ಅಂದರೂ ಮೂರು ವಾರ ಕಾಯುತ್ತೇನೆ.

ಮಾಡ್ ಸರ್ವರ್ ಆದರೆ ನನ್ನ ಸಲಹೆ ಕಟುವಾಗಿದೆ: ಬದಲಿಸಬೇಡಿ. ಮಾಡ್‌ಗಳು ವರ್ಷನ್‌ಗೆ ಅಂಟಿಕೊಂಡಿರುತ್ತವೆ. ಒಂದು ಮಾಡ್ ಹೊಸದಕ್ಕೆ ಬರದಿದ್ದರೆ ಅದರ ಬ್ಲಾಕ್‌ಗಳೆಲ್ಲ ವರ್ಲ್ಡ್‌ನಿಂದ ಮಾಯವಾಗುತ್ತವೆ, ಅದರ ಯಂತ್ರ, ಪೆಟ್ಟಿಗೆ, ಒಳಗಿದ್ದ ಸಾಮಾನು ಎಲ್ಲ. ಇವತ್ತಿಗೂ ಎಷ್ಟೋ ಮಾಡ್‌ಪ್ಯಾಕ್‌ಗಳು 1.20.1 ರಲ್ಲೇ, ಇನ್ನೂ ಕೆಲವು 1.12.2 ರಲ್ಲೇ ಕೂತಿರುವುದು ಸುಮ್ನೆ ಅಲ್ಲ. ಹೊಸದು ಬೇಕು ಅಂದರೆ ಹೊಸ ವರ್ಲ್ಡ್ ಶುರು ಮಾಡಿ.

ಬ್ಯಾಕಪ್, ನಿಮ್ಮ ಕೈಯಲ್ಲಿರುವ ಬ್ಯಾಕಪ್

ಸರ್ವರ್ ಓಡುತ್ತಿರುವಾಗ ಕಾಪಿ ತೆಗೆಯಬೇಡಿ, ಅರ್ಧ ಬರೆದ ಫೈಲ್ ಸಿಗಬಹುದು. ಕನ್ಸೋಲ್‌ನಲ್ಲಿ ಸ್ಟಾಪ್ ಅಂತ ಟೈಪ್ ಮಾಡಿ, ಅದು ವರ್ಲ್ಡ್ ಸೇವ್ ಮಾಡಿ ತಾನೇ ನಿಲ್ಲುವವರೆಗೆ ಕಾಯಿರಿ. ಕಿಲ್ ಗುಂಡಿ ಇದೆಯಲ್ಲ, ಅದರ ಕಡೆ ಕೈ ಹೋಗಲೇಬಾರದು.

ನಿಂತ ಮೇಲೆ ಪ್ಯಾನೆಲ್‌ನಲ್ಲೇ ಒಂದು ಬ್ಯಾಕಪ್ ಮಾಡಿ. ಟೆರೊಡ್ಯಾಕ್ಟಿಲ್ ಪ್ಯಾನೆಲ್ ಆದರೆ ಆ ಬ್ಯಾಕಪ್‌ಗೆ ಬೀಗ ಹಾಕುವ ಸೌಲಭ್ಯ ಇದೆ, ಹಾಕಿ. ಅಷ್ಟಕ್ಕೇ ಬಿಡಬೇಡಿ, ಅದನ್ನು ನಿಮ್ಮ ಕಂಪ್ಯೂಟರ್‌ಗೆ ಇಳಿಸಿಕೊಳ್ಳಿ. ಫೈಲ್ ದೊಡ್ಡದಿದ್ದು ಬ್ರೌಸರ್ ನಡುವೆ ಕೈ ಬಿಟ್ಟರೆ ಫೈಲ್‌ಜಿಲ್ಲಾ ಅಥವಾ ವಿನ್‌ಎಸ್‌ಸಿಪಿ ಹಾಕಿಕೊಂಡು ಎಸ್‌ಎಫ್‌ಟಿಪಿಯಲ್ಲಿ ಇಳಿಸಿ, ವಿಳಾಸ ಮತ್ತು ಪೋರ್ಟ್ ಪ್ಯಾನೆಲ್‌ನಲ್ಲೇ ಇರುತ್ತದೆ. ಬರೀ ವರ್ಲ್ಡ್ ಫೋಲ್ಡರ್ ಸಾಲದು. ಪ್ಲಗಿನ್ಸ್ ಫೋಲ್ಡರ್, ಕಾನ್ಫಿಗ್ ಫೋಲ್ಡರ್, ವೈಟ್‌ಲಿಸ್ಟ್ (ಒಳಗೆ ಬರಬಹುದಾದವರ ಪಟ್ಟಿ), ಆಪ್ (ಸರ್ವರ್ ನಡೆಸುವ ಅಧಿಕಾರ ಇರುವವರ) ಪಟ್ಟಿ, ಬ್ಯಾನ್ ಪಟ್ಟಿ, ಸರ್ವರ್ ಪ್ರಾಪರ್ಟೀಸ್, ಕೊನೆಗೆ ಈಗ ಓಡುತ್ತಿರುವ ಹಳೆಯ ಜಾರ್ ಫೈಲ್ ಕೂಡ. ಲಕ್‌ಪರ್ಮ್ಸ್ ತರಹದ್ದು ಮೈಎಸ್‌ಕ್ಯೂಎಲ್‌ಗೆ ಬರೆಯುತ್ತಿದ್ದರೆ ಆ ಡೇಟಾಬೇಸ್ ಬೇರೆ ಕಡೆ ಇರುತ್ತದೆ, ಅದರ ಕಾಪಿ ಪ್ರತ್ಯೇಕ ತೆಗೆಯಬೇಕು. ಇಳಿಸಿದ ಮೇಲೆ ಜಿಪ್ ಬಿಚ್ಚಿ ನೋಡಿ. ಬಿಚ್ಚಲು ಬಾರದ ಬ್ಯಾಕಪ್ ಇಟ್ಟುಕೊಂಡು ನೆಮ್ಮದಿಯಾಗಿ ಮಲಗಿದವರನ್ನು ನಾನು ಕಂಡಿದ್ದೇನೆ.

ಮನೆಯಲ್ಲಿ ಒಂದು ತಾಲೀಮು

ಇದನ್ನು ಜಾಸ್ತಿ ಜನ ಮಾಡುವುದಿಲ್ಲ, ನನ್ನ ಪ್ರಕಾರ ಮುಖ್ಯವಾದದ್ದೇ ಇದು. ಇಳಿಸಿದ ಜಿಪ್‌ನ ಇನ್ನೊಂದು ಕಾಪಿ ಮಾಡಿ, ಒಂದು ಖಾಲಿ ಫೋಲ್ಡರ್‌ನಲ್ಲಿ ಬಿಚ್ಚಿ. ಹೊಸ ವರ್ಷನ್‌ನ ಪೇಪರ್ ಜಾರ್ ಇಳಿಸಿ ಅದೇ ಫೋಲ್ಡರ್‌ಗೆ ಹಾಕಿ, ಹಳೆಯ ಪ್ಲಗಿನ್‌ಗಳನ್ನು ತೆಗೆದು ಹೊಸವನ್ನು ಇಡಿ, ಆದರೆ ಅವುಗಳ ಸೆಟ್ಟಿಂಗ್ ಫೋಲ್ಡರ್‌ಗಳು ಇದ್ದ ಹಾಗೇ ಇರಲಿ. ಸರಿಯಾದ ಜಾವಾ ನಿಮ್ಮ ಕಂಪ್ಯೂಟರ್‌ನಲ್ಲಿ ಇರಬೇಕು. 8 ಜಿಬಿ ರ್‍ಯಾಮ್ ಇರುವ ಲ್ಯಾಪ್‌ಟಾಪ್ ಆದರೆ ಸರ್ವರ್‌ಗೆ 3 ಜಿಬಿ ಕೊಟ್ಟು ಓಡಿಸಿ, ನೀವೊಬ್ಬರೇ ನೋಡುವುದಕ್ಕೆ ಅಷ್ಟು ಸಾಕು. ಗೇಮ್ ತೆರೆದು ಮಲ್ಟಿಪ್ಲೇಯರ್‌ನಲ್ಲಿ ವಿಳಾಸದ ಜಾಗದಲ್ಲಿ ಲೋಕಲ್‌ಹೋಸ್ಟ್ ಅಂತ ಹೊಡೆದರೆ ಒಳಗೆ ಹೋಗುತ್ತೀರಿ. (ಪೋರ್ಟ್ ಬೇರೆ ಇದ್ದರೆ ಸರ್ವರ್ ಪ್ರಾಪರ್ಟೀಸ್‌ನಲ್ಲಿ ಅದನ್ನು 25565 ಮಾಡಿಕೊಳ್ಳಿ, ಸರ್ವರ್ ಐಪಿ ಅನ್ನುವ ಸಾಲು ಖಾಲಿ ಇರಲಿ.)

ಒಳಗೆ ಹೋಗಿ ಸುಮ್ನೆ ಸ್ಪಾನ್‌ನಲ್ಲಿ (ಆಟಗಾರರು ಮೊದಲು ಬಂದು ನಿಲ್ಲುವ ಜಾಗ) ನಿಂತು ಬರಬೇಡಿ. ಪೆಟ್ಟಿಗೆ ತೆರೆಯಿರಿ. ನೆದರ್ ಬಾಗಿಲು ದಾಟಿ, ವಾಪಸ್ ಬನ್ನಿ. ಎಂಡ್‌ಗೂ ಹೋಗಿ. ಕಬ್ಬಿಣದ ಫಾರ್ಮ್ ಓಡುತ್ತಿದೆಯಾ, ಅಂಗಡಿ ಬೋರ್ಡ್‌ಗಳು ಕೆಲಸ ಮಾಡುತ್ತಿವೆಯಾ, ಆಪ್ ಅಲ್ಲದ ಒಬ್ಬ ಆಟಗಾರನಿಗೆ ಇನ್ನೊಬ್ಬರ ಜಾಗ ಒಡೆಯಲು ಆಗುತ್ತಿಲ್ಲ ತಾನೇ. ಅವತ್ತು ನಾನು ಇದಕ್ಕೆ ಅರ್ಧ ಗಂಟೆ ಕೊಟ್ಟಿದ್ದರೆ ಕೋಟೆ ಉಳಿಯುತ್ತಿತ್ತು.

ಕಮಾಂಡ್ ಬ್ಲಾಕ್ (ಬರೆದಿಟ್ಟ ಕಮಾಂಡ್ ಓಡಿಸುವ ಬ್ಲಾಕ್) ಮತ್ತು ಡೇಟಾಪ್ಯಾಕ್ (ಆಟದ ನಿಯಮ ಬದಲಿಸುವ ಫೈಲ್‌ಗಳ ಕಟ್ಟು) ಇಟ್ಟುಕೊಂಡವರು ಇಲ್ಲೇ ಪೆಟ್ಟು ತಿನ್ನುವುದು. 1.20.5 ರಲ್ಲಿ ಸಾಮಾನುಗಳ ವಿವರ ಬರೆಯುವ ರೀತಿ ಬದಲಾಯಿತು, ಎನ್‌ಬಿಟಿ ಹೋಗಿ ಕಾಂಪೊನೆಂಟ್ ಬಂತು. ಪೆಟ್ಟಿಗೆಯಲ್ಲಿರುವ ಕತ್ತಿಯನ್ನು ಗೇಮ್ ತಾನೇ ಹೊಸ ರೀತಿಗೆ ತಿರುಗಿಸುತ್ತದೆ, ಆದರೆ ನೀವು ಕಮಾಂಡ್ ಬ್ಲಾಕ್‌ನಲ್ಲಿ ಬರೆದ ಸಾಲನ್ನು ತಿರುಗಿಸುವುದಿಲ್ಲ, ಅದನ್ನು ಕೂತು ಮತ್ತೆ ಬರೆಯಬೇಕು. 1.21 ರಲ್ಲಿ ಡೇಟಾಪ್ಯಾಕ್ ಒಳಗಿನ ಫೋಲ್ಡರ್ ಹೆಸರುಗಳೇ ಬದಲಾದವು, ಫಂಕ್ಷನ್ಸ್ ಅಂತ ಇದ್ದದ್ದು ಫಂಕ್ಷನ್ ಆಯಿತು. ಒಂದು ಅಕ್ಷರಕ್ಕೆ ಇಡೀ ಪ್ಯಾಕ್ ಸುಮ್ಮನಾಗುತ್ತದೆ, ಎರರ್ ಕೂಡ ಕಣ್ಣಿಗೆ ಹೊಡೆಯುವ ಹಾಗೆ ಬರುವುದಿಲ್ಲ.

ಈಗ ಪ್ಯಾನೆಲ್

ಭಾನುವಾರ ಸಂಜೆ ಬೇಡ. ವಾರದ ನಡುವೆ ಬೆಳಿಗ್ಗೆ ಕೂತುಕೊಳ್ಳಿ, ಹುಡುಗರು ಶಾಲೆ ಕಾಲೇಜಲ್ಲಿ ಇರುವಾಗ. ಹಿಂದಿನ ದಿನವೇ ಗುಂಪಿನಲ್ಲಿ ಹೇಳಿಬಿಡಿ.

ವೈಟ್‌ಲಿಸ್ಟ್ ಆನ್ ಮಾಡಿ, ಪಟ್ಟಿಯಲ್ಲಿ ಸದ್ಯಕ್ಕೆ ನಿಮ್ಮ ಹೆಸರೊಂದೇ ಇರಲಿ. ಸರ್ವರ್ ನಿಲ್ಲಿಸಿ. ತಾಲೀಮಿನ ದಿನದಿಂದ ಇವತ್ತಿನವರೆಗೆ ಜನ ಆಡಿದ್ದಾರೆ ಅಲ್ವಾ, ಹಾಗಾಗಿ ಇನ್ನೊಂದು ಹೊಸ ಬ್ಯಾಕಪ್ ತೆಗೆದು ಇಳಿಸಿಕೊಳ್ಳಿ. ಆಮೇಲೆ ಮುಂದಿನದು.

ಟೆರೊಡ್ಯಾಕ್ಟಿಲ್‌ನಲ್ಲಿ ಸ್ಟಾರ್ಟಪ್ ಅನ್ನುವ ಟ್ಯಾಬ್ ಇರುತ್ತದೆ. ಅಲ್ಲಿ ಡಾಕರ್ ಇಮೇಜ್ ಅಂತ ಇರುವುದೇ ಜಾವಾ ಆರಿಸುವ ಜಾಗ, ಮೊದಲು ಅದನ್ನು ಸರಿ ಮಾಡಿ. ಕೆಳಗೆ ಮೈನ್‌ಕ್ರಾಫ್ಟ್ ವರ್ಷನ್ ಅಂತ ಒಂದು ಡಬ್ಬಿ. ಅದರಲ್ಲಿ ಲೇಟೆಸ್ಟ್ ಅಂತ ಇದ್ದರೆ ಅಳಿಸಿ, ನಿಮಗೆ ಬೇಕಾದ ನಂಬರನ್ನೇ ಹೊಡೆಯಿರಿ. ಲೇಟೆಸ್ಟ್ ಅಂತ ಬಿಟ್ಟರೆ ಮುಂದೆ ಯಾವತ್ತೋ ರೀಇನ್‌ಸ್ಟಾಲ್ ಮಾಡಿದಾಗ ನೀವು ಕೇಳದ ವರ್ಷನ್ ಬಂದು ಕೂರುತ್ತದೆ. ಆಮೇಲೆ ಸೆಟ್ಟಿಂಗ್ಸ್‌ಗೆ ಹೋಗಿ ರೀಇನ್‌ಸ್ಟಾಲ್ ಒತ್ತಬೇಕು. ಕೆಲವು ಫೈಲ್ ಅಳಿಸಿಹೋಗಬಹುದು ಅಂತ ಪ್ಯಾನೆಲ್ಲೇ ಎಚ್ಚರಿಸುತ್ತದೆ, ಅದು ಸುಳ್ಳಲ್ಲ. ಕೆಲವು ಹೋಸ್ಟ್‌ಗಳಲ್ಲಿ ಬರೀ ಜಾರ್ ಬದಲಾಗುತ್ತದೆ, ಕೆಲವು ಕಡೆ ಎಲ್ಲ ಗುಡಿಸಿ ಹಾಕುತ್ತದೆ.

ನನಗೆ ಈ ಗುಂಡಿಯ ಮೇಲೆ ನಂಬಿಕೆ ಕಡಿಮೆ. ಜಾರ್ ಫೈಲನ್ನು ನಾನೇ ಇಳಿಸಿ, ಫೈಲ್ಸ್ ಟ್ಯಾಬ್‌ನಲ್ಲಿ ಅಪ್‌ಲೋಡ್ ಮಾಡಿ, ಸ್ಟಾರ್ಟಪ್‌ನಲ್ಲಿ ಜಾರ್ ಹೆಸರು ಅಂತ ಇರುವಲ್ಲಿ ಹೊಸ ಫೈಲ್ ಹೆಸರು ಬರೆಯುತ್ತೇನೆ. ಹಳೆಯ ಜಾರ್ ಪಕ್ಕದಲ್ಲೇ ಇರುತ್ತದೆ, ಏನು ನಡೆಯುತ್ತಿದೆ ಅನ್ನೋದು ಕಣ್ಣಿಗೆ ಕಾಣುತ್ತದೆ. ಪೇಪರ್, ಪರ್ಪರ್, ವನಿಲಾಗೆ ಇದು ಸಲೀಸು. ಫೋರ್ಜ್ 1.17 ರಿಂದ ಈಚೆಗೆ ಒಂದೇ ಜಾರ್‌ನಲ್ಲಿ ಬರುವುದಿಲ್ಲ, ಅದಕ್ಕೆ ಇನ್‌ಸ್ಟಾಲರ್ ಓಡಿಸಬೇಕು, ಅಲ್ಲಿ ಪ್ಯಾನೆಲ್‌ನ ಗುಂಡಿಯೇ ವಾಸಿ. ತಾಲೀಮಿನಲ್ಲಿ ಪರೀಕ್ಷಿಸಿದ ಹೊಸ ಪ್ಲಗಿನ್‌ಗಳನ್ನೂ ಈಗಲೇ ಹಾಕಿ, ಹಳೆಯ ಜಾರ್‌ಗಳನ್ನು ತೆಗೆಯಲು ಮರೆಯಬೇಡಿ. ಒಂದೇ ಪ್ಲಗಿನ್‌ನ ಎರಡು ಕಾಪಿ ಇದ್ದರೆ ಗೋಜಲು.

ವರ್ಷನ್ ಜೊತೆ ಜಾತಿಯನ್ನೂ ಬದಲಿಸುವವರಿಗೆ ಒಂದು ಮಾತು. ವನಿಲಾ ಮತ್ತು ಫ್ಯಾಬ್ರಿಕ್‌ನಲ್ಲಿ, 1.21 ಸಾಲಿನವರೆಗೆ, ನೆದರ್ ಮತ್ತು ಎಂಡ್ ಎರಡೂ ವರ್ಲ್ಡ್ ಫೋಲ್ಡರ್ ಒಳಗೇ ಇರುತ್ತವೆ, ಡಿಮ್ ಮೈನಸ್ 1 ಮತ್ತು ಡಿಮ್ 1 ಅನ್ನುವ ಹೆಸರಲ್ಲಿ. ಸ್ಪಿಗಾಟ್ ಮತ್ತು ಪೇಪರ್, 1.21 ಸಾಲಿನಲ್ಲೂ, ಅವನ್ನು ಬೇರೆ ಬೇರೆ ವರ್ಲ್ಡ್ ಫೋಲ್ಡರ್ ಮಾಡಿ ಇಡುತ್ತವೆ. ವನಿಲಾದಿಂದ ಪೇಪರ್‌ಗೆ ಹೋದರೆ ಅದೇ ಎತ್ತಿ ಇಟ್ಟುಕೊಳ್ಳುತ್ತದೆ. ಪೇಪರ್‌ನಿಂದ ಫ್ಯಾಬ್ರಿಕ್‌ಗೆ ಬಂದರೆ ಆ ಎರಡು ಡಿಮ್ ಫೋಲ್ಡರ್‌ಗಳನ್ನು ನೀವೇ ಎತ್ತಿ ವರ್ಲ್ಡ್ ಒಳಗೆ ಇಡಬೇಕು, ಇಲ್ಲದಿದ್ದರೆ ನೆದರ್ ಹೊಸದಾಗಿ ಹುಟ್ಟುತ್ತದೆ.

ಮೊದಲ ಸಲ ಏಳುವಾಗ

ಸ್ಟಾರ್ಟ್ ಒತ್ತಿ, ಕೈ ಕಟ್ಟಿ ಕೂತುಕೊಳ್ಳಿ. ಮೊದಲ ಸಲ ನಿಧಾನ. ಹೆದರಿ ನಡುವೆ ನಿಲ್ಲಿಸಬೇಡಿ. ಎಲ್ಲ ಚಂಕ್‌ಗಳನ್ನೂ ಒಂದೇ ಸಲ ಹೊಸ ರೀತಿಗೆ ತಿರುಗಿಸಲು ಫೋರ್ಸ್ ಅಪ್‌ಗ್ರೇಡ್ ಅಂತ ಒಂದು ಆಯ್ಕೆ ಇದೆ, ವರ್ಲ್ಡ್ ದೊಡ್ಡದಾದರೆ ಅದು ಗಂಟೆಗಟ್ಟಲೆ ಓಡಬಹುದು. ಸಣ್ಣ ಸರ್ವರ್‌ಗೆ ಅಗತ್ಯವಿಲ್ಲ, ಜನ ಓಡಾಡಿದ ಹಾಗೆ ಆ ಆ ಚಂಕ್ ತಾನೇ ತಿರುಗುತ್ತದೆ. ಕನ್ಸೋಲ್‌ನಲ್ಲಿ ಡನ್ ಅಂತ ಬಂದು ಸೆಕೆಂಡಿನ ಲೆಕ್ಕ ತೋರಿಸಿದರೆ ಸರ್ವರ್ ಎದ್ದಿದೆ. ಅದಕ್ಕಿಂತ ಮೇಲಿನ ಸಾಲುಗಳಲ್ಲಿ ಕೆಂಪು ಹಳದಿ ಏನಿದೆ ಅಂತ ಓದಿ.

ಒಳಗೆ ಹೋದಾಗ ಎದೆ ಧಸಕ್ ಅನ್ನುವ ಎರಡು ಸಂದರ್ಭ ಇವೆ.

ಒಂದು, ಇಡೀ ವರ್ಲ್ಡೇ ಹೊಸದು. ಮನೆ ಇಲ್ಲ, ಊರಿಲ್ಲ. ಹತ್ತರಲ್ಲಿ ಒಂಬತ್ತು ಸಲ ರೀಇನ್‌ಸ್ಟಾಲ್ ಹೊತ್ತಿಗೆ ಸರ್ವರ್ ಪ್ರಾಪರ್ಟೀಸ್ ಹೊಸದಾಗಿ ಬಂದು, ಲೆವೆಲ್ ನೇಮ್ ಬದಲಾಗಿರುತ್ತದೆ. ನಿಮ್ಮ ವರ್ಲ್ಡ್ ಫೋಲ್ಡರ್ ಪಕ್ಕದಲ್ಲೇ ಸುರಕ್ಷಿತವಾಗಿ ಕೂತಿರುತ್ತದೆ. ನಿಲ್ಲಿಸಿ, ಕಾಗದದಲ್ಲಿ ಬರೆದಿಟ್ಟ ಹೆಸರು ಹಾಕಿ, ಮತ್ತೆ ಎಬ್ಬಿಸಿ.

ಇನ್ನೊಂದು, ಊರು ಇದೆ, ಆದರೆ ಕೈಯಲ್ಲಿದ್ದ ಸಾಮಾನೆಲ್ಲ ಖಾಲಿ. ಇದು ಆನ್‌ಲೈನ್ ಮೋಡ್ ಬದಲಾದ ಗುರುತು. ಅದು ಟ್ರೂ ಇದ್ದಾಗ ನಿಮ್ಮ ಯುಯುಐಡಿ (ಸರ್ವರ್ ನಿಮ್ಮನ್ನು ಗುರುತಿಸುವ ಸಂಖ್ಯೆ) ನಿಮ್ಮ ಅಕೌಂಟ್‌ನಿಂದ ಬರುತ್ತದೆ, ಫಾಲ್ಸ್ ಆದಾಗ ಹೆಸರಿನಿಂದ ಲೆಕ್ಕ ಹಾಕಿ ಬೇರೆಯದೇ ಬರುತ್ತದೆ. ಸರ್ವರ್ ಕಣ್ಣಿಗೆ ನೀವು ಹೊಸಬರು. ಮೊದಲಿದ್ದ ಹಾಗೆ ಮಾಡಿದರೆ ಸಾಮಾನು ವಾಪಸ್.

1.17 ಅಥವಾ ಅದಕ್ಕಿಂತ ಹಿಂದಿನಿಂದ 1.18 ದಾಟಿ ಬರುವವರಿಗೆ ನೆಲವೇ ಬೇರೆ ಥರ ಕಾಣುತ್ತದೆ. ಮುಂಚೆ ವರ್ಲ್ಡ್ ಎತ್ತರ 0 ಯಿಂದ 256 ಇತ್ತು, ಈಗ ಮೈನಸ್ 64 ರಿಂದ 320. ನಿಮ್ಮ ಹಳೆಯ ಗಣಿಯ ತಳದಲ್ಲಿದ್ದ ಬೆಡ್‌ರಾಕ್ ಕಲ್ಲು ಕರಗಿ ಅದರ ಕೆಳಗೆ ಹೊಸ ಗುಹೆಗಳು ಹುಟ್ಟಿರುತ್ತವೆ, ಮೇಲಿನ ಮನೆಗೆ ಏನೂ ಆಗುವುದಿಲ್ಲ. ಇನ್ನು ಹೊಸ ವರ್ಷನ್‌ನ ಕಟ್ಟಡಗಳು, ಉದಾಹರಣೆಗೆ 1.21 ರ ಟ್ರಯಲ್ ಚೇಂಬರ್, ಈವರೆಗೆ ಯಾರೂ ಕಾಲಿಡದ ಚಂಕ್‌ಗಳಲ್ಲಿ ಮಾತ್ರ ಬರುತ್ತವೆ. ಹತ್ತಿರದಲ್ಲೇ ಬೇಕು ಅಂದರೆ ಎಂಸಿಎ ಸೆಲೆಕ್ಟರ್ ಅನ್ನುವ ಉಪಕರಣದಲ್ಲಿ, ಜನ ಸುಮ್ನೆ ಹಾದುಹೋದ ಚಂಕ್‌ಗಳನ್ನು ಆರಿಸಿ ಅಳಿಸಬಹುದು, ಅವು ಹೊಸ ನೆಲವಾಗಿ ಮತ್ತೆ ಹುಟ್ಟುತ್ತವೆ. ಇದನ್ನು ಮನೆಯಲ್ಲಿರುವ ಕಾಪಿಯ ಮೇಲೆ ಮಾಡಿ ನೋಡಿ ಆಮೇಲೆ ಸರ್ವರ್‌ಗೆ ಹಾಕಿ. ಯಾರದೋ ಗುಟ್ಟಿನ ನೆಲಮಾಳಿಗೆ ಅಳಿಸಿಹೋದರೆ ಬೈಗುಳ ನಿಮಗೇ.

ಸರಿಹೋಗದಿದ್ದರೆ

ಹಳೆಯದಕ್ಕೆ ವಾಪಸ್ ಹೋಗುವುದು ಅಂದರೆ ಬ್ಯಾಕಪ್ ಪೂರ್ತಿ ಹಾಕುವುದು. ಸರ್ವರ್ ನಿಲ್ಲಿಸಿ, ಹೊಸ ವರ್ಲ್ಡ್ ಫೋಲ್ಡರ್‌ಗಳನ್ನು ಅಲ್ಲಿಂದ ತೆಗೆದು, ಇಳಿಸಿಟ್ಟ ವರ್ಲ್ಡ್, ಹಳೆಯ ಪ್ಲಗಿನ್, ಹಳೆಯ ಜಾರ್, ಹಳೆಯ ಜಾವಾ, ಎಲ್ಲ ಒಟ್ಟಿಗೆ ವಾಪಸ್. ಹೊಸ ವರ್ಲ್ಡ್‌ಗೆ ಹಳೆಯ ಜಾರ್ ತಗುಲಿಸಬೇಡಿ. ಪೇಪರ್ ಆದರೆ ಚಂಕ್ ಹೊಸ ವರ್ಷನ್‌ನದ್ದು ಅಂತ ಗೊತ್ತಾದ ಕೂಡಲೇ ಹಟ ಹಿಡಿದು ನಿಂತುಬಿಡುತ್ತದೆ. ಅದನ್ನು ಲೆಕ್ಕಿಸದೆ ಮುಂದೆ ಹೋಗುವ ಒಂದು ಆಯ್ಕೆಯೂ ಇದೆ, ಅದರ ಹೆಸರು ನಾನು ಬೇಕೆಂದೇ ಬರೆಯುತ್ತಿಲ್ಲ.

ಎಲ್ಲ ಸರಿ ಇದೆ ಅನ್ನಿಸಿದ ಮೇಲೆ ಮೊದಲು ಇಬ್ಬರನ್ನು ಮಾತ್ರ ವೈಟ್‌ಲಿಸ್ಟ್‌ಗೆ ಸೇರಿಸಿ, ಒಂದು ಗಂಟೆ ಆಡಲಿ. ಎಲ್ಲಿ ಏನು ಮುರಿದಿದೆ ಅಂತ ಮಕ್ಕಳು ನಮಗಿಂತ ಬೇಗ ಹುಡುಕುತ್ತಾರೆ. ಆಮೇಲೆ ಹಳೆಯ ವೈಟ್‌ಲಿಸ್ಟ್ ಫೈಲ್ ವಾಪಸ್ ಹಾಕಿ, ಗುಂಪಿನಲ್ಲಿ ಹೊಸ ವರ್ಷನ್ ನಂಬರ್ ಬರೆದು ಹಾಕಿ, ಪೂರ್ತಿ ನಂಬರ್. "1.21 ಹಾಕ್ಕೊಳ್ಳಿ" ಅಂದರೆ ಅರ್ಧ ಜನ 1.21 ರಲ್ಲಿ, ಇನ್ನರ್ಧ 1.21.4 ರಲ್ಲಿ ಬಂದು ನಿಂತು ಫೋನ್ ಮಾಡುತ್ತಾರೆ. ಇಳಿಸಿಟ್ಟ ಹಳೆಯ ಜಿಪ್ ಎರಡು ತಿಂಗಳು ಹಾಗೇ ಇರಲಿ, ಯಾಕಂದ್ರೆ ದಸರಾ ರಜೆಗೆ ಮಾತ್ರ ಬಂದು ಆಡುವ ಒಬ್ಬ ಇದ್ದೇ ಇರುತ್ತಾನೆ, ಅವನ ಮನೆ ಸರಿಯಾಗಿದೆಯಾ ಅಂತ ಗೊತ್ತಾಗುವುದು ಅವನು ಬಂದಾಗಲೇ.